ಬಿಸಿ ತಟ್ಟದ ಕಾಲು

ಅಂಕೋರ್ ವಾಟ್ ನೋಡಿ ಬಂದವರ ಫೋನಿನಲ್ಲಿ ಗೋಪುರಗಳಿರುತ್ತವೆ, ಗೋಡೆಯನ್ನು ತಬ್ಬಿದ ಮರದ ಬೇರುಗಳಿರುತ್ತವೆ. ನನ್ನ ಫೋನಿನಲ್ಲೂ ಇವೆ. ಆದರೆ ಅವುಗಳ ಮೇಲೆ ಈಗ ನಮ್ಮನೆಯವರ ಬಲಗಾಲಿನ ಅಂಗಾಲಿನ ಫೋಟೊಗಳು ರಾಶಿ ಬಿದ್ದಿವೆ. ಹಿರಿಯೂರಿನ ನಮ್ಮ ಮನೆಯ ಜಗುಲಿಯ ಬೆಳಕಿನಲ್ಲಿ ಕಾಲನ್ನು ಸ್ಟೂಲಿನ ಮೇಲಿಟ್ಟು ತೆಗೆದವು. ಗಾಯ ಎಷ್ಟು ಮಾಗಿದೆ ಎಂದು ಚಿತ್ರದುರ್ಗದ ಡಾಕ್ಟರಿಗೆ ಆಗಾಗ ಕಳಿಸಬೇಕು. ಟೂರು ಹೇಗಿತ್ತು ಎಂದು ಯಾರಾದರೂ ಕೇಳಿದರೆ ನಾನು ಆ ಪಾದಗಳನ್ನೆಲ್ಲ ಬೆರಳಲ್ಲಿ ಸರಿಸಿ ಸರಿಸಿ, ಒಂದು ಗೋಪುರ ಹುಡುಕಿ ತೋರಿಸುತ್ತೇನೆ.

ಹೋಗಲೇಬೇಕು ಎಂದು ಹಟ ಹಿಡಿದವರು ಅವರೇ. ನಾನು ಹೈಸ್ಕೂಲಿನಲ್ಲಿ ಗಣಿತ ಹೇಳಿಕೊಟ್ಟು ರಿಟೈರ್ ಆದವಳು. ಕೈಯಲ್ಲಿ ಕಾಸು, ಕಾಲಲ್ಲಿ ಶಕ್ತಿ ಇರುವಾಗಲೇ ಕಾಶಿ ನೋಡಿಕೊಂಡು ಬರೋಣ ಅಂದಿದ್ದೆ. ಅವರು ಮಾರಿಕಣಿವೆ ಡ್ಯಾಮಿನ ಕಾಲುವೆಗಳ ಮೇಲೆ ಓಡಾಡಿ, ತೂಬು ಎತ್ತಿಸಿ ಇಳಿಸಿ ನೌಕರಿ ಮುಗಿಸಿದವರು. ದೇವರಿಗಿಂತ ನೀರಿನ ಮೇಲೆ ಕಣ್ಣು. ಕಾಂಬೋಡಿಯಾದಲ್ಲಿ ಹಳೇ ಕಾಲದ ರಾಜರು ದೇವಸ್ಥಾನದ ಸುತ್ತ ಕೆರೆಯಷ್ಟು ಅಗಲದ ಕಂದಕ ತೋಡಿಸಿದ್ದಾರೆ, ಅದರಲ್ಲಿ ಇವತ್ತಿಗೂ ನೀರಿದೆ ಎಂದು ಫೋನಿನಲ್ಲಿ ನೋಡಿದ್ದೇ ನೋಡಿದ್ದು, ಊಟಕ್ಕೆ ಕೂತರೂ ಅದೇ ಮಾತು. ಕಾಶಿಯಲ್ಲೂ ನೀರಿದೆಯಲ್ಲ ಅಂದರೆ, ಅದು ಹರಿಯೋ ನೀರು, ಇದು ನಿಲ್ಸಿದ ನೀರು ಎಂದು ನನಗೇ ಪಾಠ ಮಾಡಿದರು. ಕೊನೆಗೆ ನಾನೇ ಸೋತೆ.

ಸಕ್ಕರೆ ಕಾಯಿಲೆ ಅವರಿಗೆ ಬಹಳ ವರ್ಷಗಳಿಂದ ಇದೆ. ಮಾತ್ರೆ ನುಂಗುತ್ತಾರೆ, ಕದ್ದು ಮೈಸೂರು ಪಾಕೂ ತಿನ್ನುತ್ತಾರೆ, ಸಿಕ್ಕಿಬಿದ್ದರೆ ಮಗುವಿನ ಮುಖ ಮಾಡುತ್ತಾರೆ. ಬರಿಗಾಲಲ್ಲಿ ಓಡಾಡಬೇಡಿ ಎಂದು ಡಾಕ್ಟರು ಹೇಳಿದ್ದರಿಂದ ಹೊರಡುವ ಮುಂಚೆ ಒಳ್ಳೆಯ ಶೂ ಕೊಡಿಸಿದ್ದೆ. ಅದು ಹಿರಿಯೂರಿನ ಬೀರುವಿನಲ್ಲೇ ಉಳಿಯಿತು. ಬೆಂಗಳೂರಿನ ವಿಮಾನ ನಿಲ್ದಾಣದಲ್ಲಿ ನೋಡಿದರೆ ಕಾಲಲ್ಲಿ ಅದೇ ಹಳೇ ಚಪ್ಪಲಿ. ಅಲ್ಲೇ ಒಂದಿಷ್ಟು ಬೈದೆ.

ನಮ್ಮನ್ನು ಕರೆದುಕೊಂಡು ಹೋದವನು ಚಿತ್ರದುರ್ಗದ ಒಬ್ಬ ಟ್ರಾವೆಲ್ಸ್‌ನವನು. ಗುಂಪಿನಲ್ಲಿ ಹೊಸದುರ್ಗ, ಹೊಳಲ್ಕೆರೆ ಕಡೆಯ ನಿವೃತ್ತ ಜೋಡಿಗಳೇ ಹೆಚ್ಚು. ದೇವಸ್ಥಾನಗಳಿಗೆ ಅಂತ ಇಟ್ಟಿದ್ದು ಒಂದೇ ದಿನ. ಬೆಳಿಗ್ಗೆ ಹೋಟೆಲಿನಿಂದ ವ್ಯಾನು, ಜೊತೆಗೊಬ್ಬ ಗೈಡು, ಸಂಜೆ ವಾಪಸು. ಗೈಡು ಆ ಊರಿನವನೇ, ನಡುವಯಸ್ಸಿನವನು, ನಿಧಾನವಾಗಿ ಇಂಗ್ಲಿಷ್ ಮಾತಾಡುತ್ತಿದ್ದ. ಅವನು ಹೇಳಿದ್ದನ್ನೆಲ್ಲ ಕನ್ನಡದಲ್ಲಿ ಹೇಳುವ ಕೆಲಸ ನನ್ನ ಕೊರಳಿಗೆ ಬಿತ್ತು.

ಮೊದಲು ಅಂಕೋರ್ ವಾಟ್. ಕಂದಕ ಕಂಡದ್ದೇ ನಮ್ಮನೆಯವರು ಗುಂಪು ಬಿಟ್ಟು ಅಂಚಿಗೆ ಹೋಗಿ ನಿಂತರು. ನೀರು ಎಲ್ಲಿಂದ ಬರುತ್ತೆ, ಹೆಚ್ಚಾದರೆ ಎಲ್ಲಿಗೆ ಹೋಗುತ್ತೆ, ಹೂಳು ಯಾರು ತೆಗೀತಾರೆ ಕೇಳು ಎಂದು ನನ್ನ ಜೀವ ತಿಂದರು. ಗೈಡಿಗೆ ರಾಜರ ಹೆಸರುಗಳು ಬಾಯಿಪಾಠವಾಗಿದ್ದವು, ಹೂಳಿನ ವಿಚಾರ ಗೊತ್ತಿರಲಿಲ್ಲ. ಅವರಿಗೆ ಬೇಜಾರೇನೂ ಆಗಲಿಲ್ಲ. ಮುಖದಲ್ಲಿ ಒಂದು ಗೆಲುವಿತ್ತು. ಅಂಥ ಗೆಲುವನ್ನು ನಾನು ನೋಡಿದ್ದು ಮಾರಿಕಣಿವೆ ತುಂಬಿ ಕೋಡಿ ಬಿದ್ದ ವರ್ಷ.

ಕಂದಕ ದಾಟಿದ ಮೇಲೆ ಬಾಗಿಲ ಗೋಪುರದ ಒಳಗೆ ಎತ್ತರದ ವಿಷ್ಣು ನಿಂತಿದ್ದಾನೆ. ಊರಿನವರು ಅವನಿಗೆ ಈಗಲೂ ಬಟ್ಟೆ ಉಡಿಸಿ ಊದುಬತ್ತಿ ಹಚ್ಚುತ್ತಾರೆ. ಮುಂದೆ ಚಾಪೆ ಹಾಸಿತ್ತು. ನಾವೆಲ್ಲ ಚಪ್ಪಲಿ ಬಿಟ್ಟು ಕೈಮುಗಿದೆವು. ಹೊರಗೆ ಬಂದು ಎಲ್ಲರೂ ಚಪ್ಪಲಿ ಮೆಟ್ಟಿದರೆ ನಮ್ಮನೆಯವರು ಮಾತ್ರ ತಮ್ಮವನ್ನು ಎತ್ತಿ ಕೈಚೀಲಕ್ಕೆ ಹಾಕಿಕೊಂಡರು.

ಗೈಡು ಅದನ್ನು ನೋಡಿ, ಇಲ್ಲಿ ಹಾಗೇನೂ ಕಟ್ಟಳೆಯಿಲ್ಲ, ಪೂಜೆ ನಡೆಯುವ ಕಡೆ ಮಾತ್ರ ಬಿಟ್ಟರೆ ಸಾಕು, ಉಳಿದ ಕಡೆ ಎಲ್ಲರೂ ಹಾಕಿಕೊಂಡೇ ತಿರುಗುತ್ತಾರೆ ಅಂದ. ನಾನು ಅದನ್ನು ಹೇಳಿದೆ. ಅವರು ಕೇಳುವವರಲ್ಲ.

"ಒಳಗೆ ದೇವ್ರು ಇರ್ಲಿ ಬಿಡ್ಲಿ, ಕಟ್ಟಿದ್ದು ದೇವ್ರಿಗಲ್ವಾ? ನಡಿ ಹೋಗಾಣ" ಅಂದರು.

ಇದು ಅವರ ಹಟ್ಟಿಯಿಂದ ಬಂದದ್ದು. ಅವರು ಹುಟ್ಟಿದ್ದು ಧರ್ಮಪುರದ ಕಡೆ, ಕುರಿ ಸಾಕುವವರ ಹಟ್ಟಿಯಲ್ಲಿ. ಅಲ್ಲಿ ದೇವರ ಗುಡಿಯ ಸುತ್ತ ಮುಳ್ಳಿನ ಬೇಲಿ. ಬೇಲಿಯ ಒಳಗೆ ಯಾರ ಕಾಲಲ್ಲೂ ಚಪ್ಪಲಿ ಇರಕೂಡದು, ಗುಡಿಯ ಬಾಗಿಲು ಹಾಕಿದ್ದರೂ ಅಷ್ಟೇ. ಒಮ್ಮೆ ಗುಡಿ ಬಿಚ್ಚಿ ಹೊಸದಾಗಿ ಕಟ್ಟುವಾಗ ಒಳಗೆ ಕಲ್ಲು, ಸಿಮೆಂಟು ಬಿಟ್ಟರೆ ಏನೂ ಇರಲಿಲ್ಲ. ಆಗಲೂ ಗಾರೆಯವರು ಬರಿಗಾಲಲ್ಲೇ ಕೆಲಸ ಮಾಡಿದ್ದನ್ನು ಮದುವೆಯಾದ ಹೊಸತರಲ್ಲಿ ನಾನೇ ಕಂಡಿದ್ದೇನೆ. ದೇವರು ಎದ್ದು ಹೋದರೂ ಜಾಗ ದೇವರದೇ ಎಂಬುದು ಅವರ ಲೆಕ್ಕ. ಅಂಕೋರಿನಲ್ಲಿ ಬೇಲಿ ಇರಲಿಲ್ಲ. ಹಾಗಾಗಿ ಕಂದಕದಿಂದ ಈಚೆಗೆ ಇರುವುದೆಲ್ಲ ಬೇಲಿಯ ಒಳಗಿನದೇ ಎಂದು ಅವರು ತೀರ್ಮಾನಿಸಿಬಿಟ್ಟಿದ್ದರು.

ನನಗೂ ಸ್ವಲ್ಪ ಹೊತ್ತು ಭಕ್ತಿ ಬಂತು. ಚಪ್ಪಲಿ ಮತ್ತೆ ಬಿಚ್ಚಿ ಕೈಯಲ್ಲಿ ಹಿಡಿದು ಅವರ ಜೊತೆ ಹೊರಟೆ. ಗೋಪುರದ ನೆರಳು ದಾಟಿ ಬಿಸಿಲಿನ ಕಲ್ಲುಹಾಸಿನ ಮೇಲೆ ಕಾಲಿಟ್ಟವಳು ಅಮ್ಮಾ ಅಂದೆ. ಬೇಸಿಗೆ, ಕಲ್ಲು ಆಗಲೇ ಕಾದ ಹೆಂಚಾಗಿತ್ತು. ಕುಣಿಯುತ್ತಾ ಹುಲ್ಲಿಗೆ ಓಡಿ ಚಪ್ಪಲಿ ಹಾಕಿಕೊಂಡೆ. ಹೊಳಲ್ಕೆರೆಯ ಹೆಂಗಸೊಬ್ಬರು, ನಮ್ಮ ವ್ಯಾನಿನಲ್ಲಿ ನನ್ನ ಪಕ್ಕದ ಸೀಟಿನವರು, ನಕ್ಕರು. ನಾನೂ ನಕ್ಕೆ. ಅಷ್ಟರಲ್ಲಿ ನಮ್ಮನೆಯವರು ಅದೇ ಕಲ್ಲಿನ ಮೇಲೆ, ಸಂಜೆ ವಾಕಿಂಗಿಗೆ ಹೊರಟವರ ಥರ, ಕೈ ಹಿಂದೆ ಕಟ್ಟಿಕೊಂಡು ಬಹಳ ಮುಂದೆ ಹೋಗಿದ್ದರು.

ಆ ಹೆಂಗಸು ಆಶ್ಚರ್ಯಪಟ್ಟರು. ನಾನು ಜಂಬದಿಂದಲೇ ಹೇಳಿದೆ, ಅದು ಕುರಿ ಹಿಂದೆ ಅಲೆದ ಕಾಲು, ಜಾಲಿ ಮುಳ್ಳಿಗೇ ಜಗ್ಗಿದ್ದಲ್ಲ ಎಂದು. ನಿಜವಾಗಿ ಆ ಕ್ಷಣ ನನಗೆ ಗಂಡನ ಬಗ್ಗೆ ಹೆಮ್ಮೆಯಾಗಿತ್ತು. ನಮ್ಮದು ಸಿನಿಮಾದ ಪ್ರೀತಿಯಲ್ಲ, ದಿನಾ ಒಂದಲ್ಲ ಒಂದಕ್ಕೆ ಜಗಳ. ಅವರನ್ನು ಹಿಂದಿನಿಂದ ನೋಡಿ ಹೆಮ್ಮೆಪಟ್ಟು ಎಷ್ಟು ಕಾಲವಾಗಿತ್ತೋ.

ಆಮೇಲೆ ಬಾಯೋನ್ ಎಂಬ ಗುಡಿ, ಕಲ್ಲಿನ ದೊಡ್ಡ ದೊಡ್ಡ ಮುಖಗಳಿರುವುದು. ಅಲ್ಲೂ ಅವರದು ಬರಿಗಾಲೇ. ಗೈಡು ಮತ್ತೆ ನನ್ನ ಹತ್ತಿರ ಬಂದು, ಮೇಡಂ, ಕಲ್ಲು ಬಹಳ ಬಿಸಿ, ನಿಮ್ಮವರಿಗೆ ಹೇಳಿ ಅಂದ. ಹೇಳಿದೆ. ಅವರು ಕೈ ಬೀಸಿದರು. ಮಧ್ಯಾಹ್ನ ಊಟದ ಅಂಗಡಿಯಲ್ಲಿ ನಾವು ಮನೆಯಿಂದ ಒಯ್ದಿದ್ದ ಚಪಾತಿ, ಶೇಂಗಾ ಚಟ್ನಿಪುಡಿ ಬಿಚ್ಚಿದೆವು. ಕಾಲು ಉರಿಯುತ್ತಿಲ್ಲವಾ ಎಂದು ಕೇಳಿದೆ. ಏನೂ ಇಲ್ಲ, ಊಟ ಮಾಡು ಎಂದರು. ಅಂಗಡಿಯ ನೆಲ ತಣ್ಣಗಿತ್ತು. ಅವರು ಕಾಲನ್ನು ಬೆಂಚಿನ ಕೆಳಗೆ ಚಾಚಿಕೊಂಡಿದ್ದರು. ನಾನು ಬಗ್ಗಿ ನೋಡಲಿಲ್ಲ, ನೋಡಬೇಕು ಎಂದು ಯಾಕೆ ಅನ್ನಿಸಬೇಕು?

ಕೊನೆಯದು ತಾ ಪ್ರೋಮ್, ಮರಗಳು ಗೋಡೆಗಳ ಮೇಲೆ ಹತ್ತಿ ಕೂತಿರುವ ಗುಡಿ. ಅಲ್ಲಿ ನೆರಳಿತ್ತು. ಹೊಳಲ್ಕೆರೆಯ ಹೆಂಗಸು ಫೋಟೊ ತೆಗೆಯುತ್ತಾ, ನಿಮ್ಮನೆಯವ್ರು ಎಲ್ಲೋ ನೀರು ತುಳಿದು ಬಂದವ್ರೆ ಅನ್ಸುತ್ತೆ ಅಂದರು. ನೋಡಿದರೆ ಅವರು ನಡೆದ ಕಲ್ಲಿನ ಮೇಲೆ ಒಂದು ಪಾದದ ಒದ್ದೆ ಗುರುತು ಇತ್ತು. ಬಲಗಾಲಿನದು ಮಾತ್ರ. ನಾನು ಅದನ್ನು ದಾಟಿಕೊಂಡು ಹೋದೆ.

ವ್ಯಾನಿನಲ್ಲಿ ಕೂತ ಮೇಲೆ ಅವರು ಸುಸ್ತಾಯಿತೆಂದು ಕಾಲನ್ನು ಎದುರಿನ ಸೀಟಿನ ಮೇಲೆ ಇಟ್ಟರು. ಹೊಳಲ್ಕೆರೆಯ ಹೆಂಗಸು ನನ್ನ ತೋಳು ಹಿಡಿದು, "ಅಕ್ಕಾ, ಇಲ್ ನೋಡ್ರಿ" ಎಂದರು. ಅಂಗಾಲಿನ ಚರ್ಮ ಬೊಬ್ಬೆ ಎದ್ದು, ಒಡೆದು, ಹಿಮ್ಮಡಿಯ ಹತ್ತಿರ ಜೋತು ಬಿದ್ದಿತ್ತು. ಒಳಗಿನ ಮಾಂಸ ಕೆಂಪಗೆ ಕಾಣುತ್ತಿತ್ತು, ಅದಕ್ಕೆ ಮರಳು ಮೆತ್ತಿಕೊಂಡಿತ್ತು. ಎಡಗಾಲಿನಲ್ಲೂ ಬೊಬ್ಬೆಗಳಿದ್ದವು, ಒಡೆದಿರಲಿಲ್ಲ.

ನಾವು ನೋಡುತ್ತಿರುವುದನ್ನು ಕಂಡು ಅವರೂ ಕಾಲು ತಿರುಗಿಸಿ ನೋಡಿಕೊಂಡರು.

"ಇದ್ ಯಾವಾಗ ಆತು?" ಅಂದರು, ಬೇರೆ ಯಾರದೋ ಕಾಲನ್ನು ನೋಡಿ ಕೇಳುವ ಹಾಗೆ.

ನಾನು ಹೆದರಿದ್ದು ಗಾಯಕ್ಕಲ್ಲ, ಆ ಮಾತಿಗೆ.

ಗೈಡು ಡ್ರೈವರಿಗೆ ಆಸ್ಪತ್ರೆಯ ದಾರಿ ಹೇಳಿದ. ಉಳಿದವರನ್ನು ಹೋಟೆಲಿಗೆ ಕಳಿಸಿ, ತಾನು ನಮ್ಮ ಜೊತೆ ಉಳಿದ. ಅಲ್ಲಿ ಒಬ್ಬ ಹೆಣ್ಣು ಡಾಕ್ಟರು ಗಾಯ ತೊಳೆದರು. ಮಾಂಸಕ್ಕೆ ಮೆತ್ತಿದ ಮರಳನ್ನು ಚಿಮುಟದಿಂದ ಒಂದೊಂದಾಗಿ ತೆಗೆಯುವಾಗ ನಾನು ಹಲ್ಲು ಕಚ್ಚಿ ಗೋಡೆ ನೋಡುತ್ತಿದ್ದೆ. ನಮ್ಮನೆಯವರು ಫ್ಯಾನ್ ನೋಡುತ್ತಿದ್ದರು. ಆಮೇಲೆ ಡಾಕ್ಟರು ಮೀನಿನ ಗಾಳದ ದಾರದಂಥದ್ದೊಂದನ್ನು ತೆಗೆದು, ಕಣ್ಣು ಮುಚ್ಚಿಕೊಳ್ಳಲಿ, ನಾನು ಮುಟ್ಟಿದಾಗಲೆಲ್ಲ ಹೂಂ ಅನ್ನಲಿ, ಅವರಿಗೆ ಹೇಳಿ ಎಂದರು. ನಾನು ಹೇಳಿದೆ.

ಅವರು ಕಣ್ಣು ಮುಚ್ಚಿದರು. ಡಾಕ್ಟರು ಹೆಬ್ಬೆರಳ ತುದಿಗೆ ದಾರ ಒತ್ತಿದರು. ಅವರು ಸುಮ್ಮನಿದ್ದರು. ಬೆರಳುಗಳ ಬುಡಕ್ಕೆ, ಪಾದದ ಅಂಚಿಗೆ, ಗಾಯವಿಲ್ಲದ ಕಡೆಗೆಲ್ಲ ಒತ್ತಿದರು. ಸುಮ್ಮನೇ ಇದ್ದರು. ಇಷ್ಟು ಹೊತ್ತು ತಾವು ಏನೂ ಹೇಳಿಲ್ಲ ಎಂದು ಅವರಿಗೇ ಗಾಬರಿಯಾಗಿರಬೇಕು. ಡಾಕ್ಟರು ದಾರ ಕೆಳಗಿಟ್ಟು ಬರೆದುಕೊಳ್ಳುತ್ತಿರುವಾಗ ನಮ್ಮನೆಯವರು "ಹೂಂ" ಅಂದರು. ಸ್ವಲ್ಪ ತಡೆದು ಮತ್ತೊಮ್ಮೆ "ಹೂಂ" ಅಂದರು. ಡಾಕ್ಟರು ನನ್ನ ಮುಖ ನೋಡಿದರು.

ಕಾಲಿನ ನರಗಳು ಸಕ್ಕರೆಯಿಂದ ಸತ್ತಿವೆ, ಇದು ಇವತ್ತಿನದಲ್ಲ, ಹಳೆಯದು ಎಂದು ಡಾಕ್ಟರು ಇಂಗ್ಲಿಷಿನಲ್ಲಿ ವಿವರಿಸಿದರು. ಗಾಯ ಕೆಟ್ಟರೆ ಬೆರಳು ಹೋಗಬಹುದು, ಪಾದವೂ ಹೋಗಬಹುದು, ಊರಿಗೆ ಹೋದ ಕೂಡಲೇ ತೋರಿಸಿ ಅಂದರು. ಎರಡೂ ಕಾಲಿಗೆ ಪಟ್ಟಿ ಕಟ್ಟಿ, ಡ್ರಿಪ್ ಹಾಕಿ, ಮೇಲೆ ಬಿಳಿ ಹೊದಿಕೆ ಎಳೆದು ಹೋದರು.

ನನಗೆ ಬಂದದ್ದು ಅಳುವಲ್ಲ, ಸಿಟ್ಟು. ಯಾವಾಗಿನಿಂದ ಗೊತ್ತಿತ್ತು ಎಂದು ಕೇಳಿದೆ. ಮೊದಲು ಹಾರಿಕೆಯ ಮಾತಾಡಿದರು, ಆಮೇಲೆ ಬಾಯಿ ಬಿಟ್ಟರು. ವರ್ಷದ ಕೆಳಗೆ ಹಿರಿಯೂರಿನ ಪೇಟೆಯಲ್ಲಿ ನಡೆಯುವಾಗ ಒಂದು ಚಪ್ಪಲಿ ಕಾಲಿನಿಂದ ಕಳಚಿಬಿದ್ದಿದೆ, ಇವರಿಗೆ ಗೊತ್ತೇ ಆಗಿಲ್ಲ. ತೆಂಗಿನಕಾಯಿ ಮಂಡಿಯವನು ಕೂಗಿ ಕೊಟ್ಟನಂತೆ. ಮನೆಗೆ ಬಂದು, ಹಿತ್ತಲಲ್ಲಿ ಕೂತು, ಒಂದು ಜಾಲಿ ಮುಳ್ಳು ತಗೊಂಡು ಅಂಗಾಲಿಗೆ ಚುಚ್ಚಿ ನೋಡಿಕೊಂಡಿದ್ದಾರೆ. ರಕ್ತ ಬಂತಂತೆ, ನೋವು ಬರಲಿಲ್ಲವಂತೆ. ನಾನು ಆಗ ಒಳಗೆ ಅಡಿಗೆ ಮಾಡುತ್ತಿದ್ದೆನೇನೋ, ಟಿವಿ ನೋಡುತ್ತಿದ್ದೆನೇನೋ.

ಗೊತ್ತಿದ್ದೂ ಬರಿಗಾಲಲ್ಲಿ ನಡೆದಿರಲ್ಲ ಅಂದೆ. ಗಂಟಲು ಜೋರಾಗಿತ್ತು, ಬಾಗಿಲ ಹತ್ತಿರ ಕೂತಿದ್ದ ಗೈಡು ಎದ್ದು ಆಚೆ ಹೋದ.

"ದೇವ್ರ ಜಾಗದಾಗೆ ಚಪ್ಪಲಿ ಮೆಟ್ಕಂಡು ನಡ್ಯಾಕೆ ನನ್ ಕೈಲಿ ಆಗಲ್ಲ ಕಣೇ" ಅಂದರು. "ತೀರಾ ಸುಟ್ರೆ ಗೊತ್ತಾಗ್ತೈತೆ, ಆಗ ಹಾಕ್ಕಂಡ್ರಾತು ಅಂದ್ಕಂಡಿದ್ದೆ."

ನನಗೆ ಹೇಳಿದ್ದರೆ ಏನಾಗುತ್ತಿತ್ತು ಎಂದು ಕೇಳಿದೆ. ಹೇಳಿದ್ದರೆ ನೀನು ಈ ಊರಿಗೆ ಬರಲು ಬಿಡುತ್ತಿರಲಿಲ್ಲ ಅಂದರು. ನಿಜ, ಬಿಡುತ್ತಿರಲಿಲ್ಲ.

ಆಗ ನನಗೆ ನಮ್ಮ ಮನೆಯ ಸಂಜೆಗಳು ನೆನಪಾದವು. ಅವರ ಹಿಮ್ಮಡಿ ಒಡೆಯುತ್ತದೆ. ಹಾಗಾಗಿ ಅವರು ಜಗುಲಿಯ ಮೇಲೆ ಕೂತರೆ ನಾನು ಕೊಬ್ಬರಿ ಎಣ್ಣೆ ತಂದು ಅಂಗಾಲಿಗೆ ತಿಕ್ಕುತ್ತೇನೆ. ದಿನವಿಡೀ ಜಗಳವಾಡಿದ್ದರೂ ಅದು ತಪ್ಪುವುದಿಲ್ಲ. ನಾನು ತಿಕ್ಕುತ್ತಿದ್ದರೆ ಅವರು ಗೋಡೆಗೆ ಒರಗಿ, ಹಾಯಾಗೈತೆ, ಇನ್ನೊಂಚೂರು ಒತ್ತು ಅನ್ನುತ್ತಾರೆ. ಈ ಪೂರಾ ವರ್ಷವೂ ಹಾಗೇ ಅಂದಿದ್ದಾರೆ. ಟೂರಿಗೆ ಹೊರಡುವ ಹಿಂದಿನ ಸಂಜೆಯೂ ಅಂದಿದ್ದರು.

"ಮತ್ತೆ ನಾನು ಎಣ್ಣೆ ತಿಕ್ವಾಗ ಹಾಯಾಗೈತೆ ಅಂತಿದ್ರಲ್ಲ" ಎಂದು ಕೇಳಿದೆ.



"ನೀನು ತಿಕ್ಕಾದು ಕಣ್ಣಿಗೆ ಕಾಣ್ತಿತ್ತಲ್ಲ" ಅಂದರು. "ಅಷ್ಟೇ ಸಾಕಾಗ್ತಿತ್ತು."

ಅಷ್ಟು ಹೊತ್ತಿನ ಸಿಟ್ಟು ಎಲ್ಲಿ ಹೋಯಿತೋ ಗೊತ್ತಿಲ್ಲ. ಆಮೇಲೆ ನನಗೆ ಅವರ ಮುಖ ನೋಡಲು ಆಗಲಿಲ್ಲ. ಅವರ ಕಾಲಿನ ಕಡೆಗೆ ಹೋಗಿ ಸ್ಟೂಲು ಎಳೆದುಕೊಂಡು ಕೂತೆ. ಹೊದಿಕೆಯೊಳಗೆ ಕೈ ಹಾಕಿ, ಪಟ್ಟಿ ಕಟ್ಟದೆ ಬಿಟ್ಟಿದ್ದ ಬೆರಳುಗಳನ್ನು ಅಂಗೈಯಲ್ಲಿ ಹಿಡಿದುಕೊಂಡೆ. ಅವು ಬೆಚ್ಚಗಿದ್ದವು. ಡ್ರಿಪ್ ತೊಟ್ಟಿಕ್ಕುತ್ತಿತ್ತು. ಕಿಟಕಿಯಾಚೆ ಸ್ಕೂಟರುಗಳ ಸದ್ದು, ಹೊರಗೆ ಗೈಡು ಫೋನಿನಲ್ಲಿ ಅವನ ಭಾಷೆಯಲ್ಲಿ ಯಾರಿಗೋ ಏನೋ ಹೇಳುತ್ತಿದ್ದ.

ಮಲಗಿದ್ದಲ್ಲಿಂದ ಅವರು ತಲೆ ಎತ್ತಿ ನೋಡಿದರು. ಹೊದಿಕೆ ಅಡ್ಡ ಇತ್ತು, ನನ್ನ ಕೈ ಅವರಿಗೆ ಕಾಣುತ್ತಿರಲಿಲ್ಲ.

"ಹಿಡ್ಕಂಡಿದೀಯಾ?" ಎಂದು ಕೇಳಿದರು.