ಅಂಕಲ್ ಹೇಳದೆ ಬಿಟ್ಟ ಕೊನೆಯ ಭಾಗ

ಎದುರುಮನೆಯ ಅಂಕಲ್ ಸಿನಿಮಾದ ಮಾತು ತೆಗೆದರೆ ಅವರ ಬಲಗೈ ತಾನಾಗಿಯೇ ಗಾಳಿಯಲ್ಲಿ ತಿರುಗತೊಡಗುತ್ತಿತ್ತು, ಹಳೆಯ ಕಾಲದ ಕ್ಯಾಮೆರಾದ ಹಿಡಿಕೆ ತಿರುಗಿಸಿದ ಹಾಗೆ. ತೋರುಬೆರಳಿನ ತುದಿ ಇರಲಿಲ್ಲ. ಹಡಗು ರಿಪೇರಿಯ ಕೆಲಸದಲ್ಲಿ ಎಂದೋ ಹೋಗಿತ್ತು. ಉಳಿದದ್ದರಲ್ಲೇ ಕುದುರೆ ಓಡಿಸುತ್ತಿದ್ದರು, ರೈಲು ನಿಲ್ಲಿಸುತ್ತಿದ್ದರು.

ಗದಗದ ಕಡೆಯವರು. ನಾವು ಸಿಂಗಪುರದ ಬೆಡೋಕಿಗೆ ಬಂದ ಎರಡು ಸಾವಿರದ ಹದಿಮೂರರ ಹೊತ್ತಿಗೆ ನಿವೃತ್ತರಾಗಿ ಒಬ್ಬರೇ ಇದ್ದರು. ನನ್ನನ್ನು ಮೊದಲ ದಿನದಿಂದಲೇ ‘ತಂಗಿ’ ಎಂದರು.

ಆಗ ನನಗೆ, ಗಂಡನ ಹೊರತು ಯಾರಿಗೂ ಗೊತ್ತಿಲ್ಲದ, ಗುಟ್ಟಿನ ಹುಚ್ಚೊಂದಿತ್ತು. ಮೂಕಿಚಿತ್ರಗಳ ಕಾಲದ ಒಬ್ಬ ಅಮೆರಿಕನ್ ನಿರ್ದೇಶಕನ ಬಗ್ಗೆ ಕನ್ನಡದಲ್ಲಿ ಪುಸ್ತಕ ಬರೆಯಬೇಕೆಂದು ಐದು ವರ್ಷದಿಂದ ಟಿಪ್ಪಣಿ ಮಾಡುತ್ತಿದ್ದೆ. ಸೆಟ್ಟಿನ ಹಿನ್ನೆಲೆಯ ಪರದೆಗೆ ಬಣ್ಣ ಬಳಿಯುತ್ತ ಶುರುಮಾಡಿದವನು ಅವನು. ಕುದುರೆಯಿಂದ ಬೀಳುವ ಪಾತ್ರ ಮಾಡಿದ, ಕಥೆ ಬರೆದ, ಕ್ಯಾಮೆರಾ ತಿರುಗಿಸಿದ. ಈ ವಾರ ನಗಿಸುವ ಚಿತ್ರ, ಮುಂದಿನ ವಾರ ಅಳಿಸುವ ಚಿತ್ರ. ಮಾತಿನ ಚಿತ್ರಗಳು ಬಂದಮೇಲೆ ಯಾರಿಗೂ ಬೇಡವಾದ. ತಿಂಡಿ ಅಂಗಡಿಗಳ ಹಾಕರ್ ಸೆಂಟರಿನಲ್ಲಿ ಕಾಫಿ ಕುಡಿಯುತ್ತ ಒಂದು ಸಂಜೆ ಇದನ್ನೆಲ್ಲ ಅಂಕಲ್‌ಗೆ ಹೇಳಿಬಿಟ್ಟೆ.

“ಇಂಥಾ ಮನುಷ್ಯಾನ್ನ ಫೈಲಿನಾಗ ಮುಚ್ಚಿಟ್ಟೀಯಲ್ಲ ತಂಗಿ!” ಎಂದರು.

ಎರಡು ತಿಂಗಳ ಮೇಲೆ, ಲಿಟಲ್ ಇಂಡಿಯಾದಲ್ಲಿ ನಡೆದ ಕನ್ನಡದವರ ಕೂಟದಲ್ಲಿ ಅವರು ಆ ಚಿತ್ರಗಳ ತುಣುಕು ಹಾಕಿ ಕಥೆ ಹೇಳಿದರು. ಬರೀ ನಲವತ್ತು ನಿಮಿಷ. ಮಕ್ಕಳು ಫೋನ್ ಕೆಳಗಿಟ್ಟರು. ಹೆಂಗಸರು ಕಣ್ಣೊರೆಸಿಕೊಂಡರು. “ಇದೆಲ್ಲಾ ನನಗ ಹೇಳಿದಾಕಿ ಹಿಂದ ಕುಂತಾಳ” ಎಂದು ಅವರು ನನ್ನತ್ತ ಕೈ ತೋರಿದಾಗ ಎಲ್ಲರೂ ತಿರುಗಿ ಚಪ್ಪಾಳೆ ತಟ್ಟಿದರು. ಆ ಚಪ್ಪಾಳೆ ನನಗೆ ಭಿಕ್ಷೆ ಹಾಕಿದಂತಿತ್ತು.

ವಾಪಸು ಬರುವಾಗ ಎಂಆರ್‌ಟಿ ರೈಲಿನಲ್ಲಿ ನನ್ನ ಗಂಡ, “ನೀನು ಹೇಳಿದಾಗ ಇಷ್ಟು ಇಂಟರೆಸ್ಟಿಂಗ್ ಅನ್ನಿಸಿರ್ಲಿಲ್ಲ ಕಣೇ” ಎಂದ.

ಅವರಿಗೆ ಬೇರೆ ಬೇರೆ ಕಡೆಯಿಂದ ಕರೆ ಬರತೊಡಗಿತು. ಪುಂಗೋಲ್ ಬಡಾವಣೆಯಲ್ಲಿ ಒಮ್ಮೆ, ಯಾರದೋ ಕಾಂಡೋ ಅಪಾರ್ಟ್‌ಮೆಂಟಿನಲ್ಲಿ ಇನ್ನೊಮ್ಮೆ. ಪ್ರತಿ ಸಲ ಕಥೆ ಒಂದೇ ಕಡೆ ನಿಲ್ಲುತ್ತಿತ್ತು: ಕೆಲಸ ಹೋಯಿತು, ಆಮೇಲೆ ಆತ ಏನಾದನೋ ಗೊತ್ತಿಲ್ಲ. ಲಿಫ್ಟಿನ ಹತ್ತಿರ ಸಿಕ್ಕಾಗೆಲ್ಲ ಕೇಳುತ್ತಿದ್ದರು.

“ಸಿಕ್ತೇನವ್ವಾ, ಅವನ ಕೊನೀ ಸುದ್ದಿ?”

“ಇಲ್ಲ ಅಂಕಲ್, ಇನ್ನೂ ಹುಡುಕ್ತಾ ಇದ್ದೀನಿ.”

ಸಿಕ್ಕಿತ್ತು. ಹಳೆಯ ಪತ್ರಿಕೆಯೊಂದರ ಸ್ಕ್ಯಾನ್ ನನ್ನ ಲ್ಯಾಪ್‌ಟಾಪಿನಲ್ಲಿ ವರ್ಷದಿಂದ ಇತ್ತು. ತಾನು ನಿರ್ದೇಶಕನಾಗಿದ್ದ ಸ್ಟುಡಿಯೋದಲ್ಲೇ ಆತ ಜನಜಂಗುಳಿಯ ದೃಶ್ಯಗಳಲ್ಲಿ ಮಾತಿಲ್ಲದ ಪಾತ್ರ ಮಾಡುತ್ತಿದ್ದ. ಬೇಸರವಿಲ್ಲವೇ ಎಂದು ಕೇಳಿದ ಪತ್ರಕರ್ತನಿಗೆ, ಸೆಟ್ಟಿನ ಮೇಲಿದ್ದೇನಲ್ಲ, ಸಾಕು ಎಂದಿದ್ದ. ಇದೊಂದನ್ನಾದರೂ ಅಂಕಲ್ ಬಾಯಿಗೆ ಬೀಳಗೊಡಬಾರದೆಂದು ಹಟ ಹಿಡಿದೆ.

ಮುಂದಿನ ವರ್ಷ ಅವರಿಗೆ ಶ್ವಾಸಕೋಶದ ಕಾಯಿಲೆಯಾಯಿತು. ಆಸ್ಪತ್ರೆಯಲ್ಲಿ ಅವರ ಮಂಚದ ಪಕ್ಕ ಕೂತು ಎಲ್ಲ ಒಪ್ಪಿಕೊಂಡೆ. ಆ ಸಾಲುಗಳನ್ನು ಓದಿ ಹೇಳಿದೆ. ಕಣ್ಣು ಮುಚ್ಚಿ ಕೇಳಿದರು.

“ನೀ ಬಚ್ಚಿಟ್ಟದ್ದು ನನಗ ಗೊತ್ತಿತ್ತವ್ವಾ. ‘ಇಲ್ಲ’ ಅನ್ನೂಮುಂದ ನೀ ನನ್ನ ಮಾರಿ ನೋಡ್ತಿರಲಿಲ್ಲ.”

“ಮತ್ತೆ ಯಾಕೆ ಕೇಳ್ತಿದ್ರಿ ಅಂಕಲ್?”

“ಇವತ್ತರ ಹೇಳ್ತೀಯೇನೋ ಅಂತ. ನಾ ಇನ್ನ ಎದ್ದು ಹೇಳಾಂಗಿಲ್ಲ. ನೀ ಹೇಳು.”

ಹನ್ನೊಂದು ದಿನದ ನಂತರ ತೀರಿಕೊಂಡರು.

ಅವರ ನೆನಪಿಗೆಂದು ಕೂಟದವರು ಮತ್ತೆ ಸೇರಿದಾಗ ಇಡೀ ಕಥೆಯನ್ನು, ಕೊನೆಯ ಭಾಗವನ್ನೂ ಸೇರಿಸಿ, ನಾನು ಹೇಳಿದೆ. ಎರಡು ಕಡೆ ತಪ್ಪು ಹೇಳಿದೆ. ಮುಗಿದಮೇಲೆ ಆಂಟಿಯೊಬ್ಬರು ಬಂದು ನನ್ನ ಭುಜ ಮುಟ್ಟಿ, “ಚೆನ್ನಾಗಿತ್ತಮ್ಮ. ಆದ್ರೆ ಅಂಕಲ್ ಹೇಳಿದ್ರೆ ಇನ್ನೂ ಚೆನ್ನಾಗಿರ್ತಿತ್ತು” ಎಂದರು.

“ಹೌದು ಆಂಟಿ” ಎಂದೆ. ಹೊಟ್ಟೆಕಿಚ್ಚು ಆಗಲೂ ಇತ್ತು. ಆದರೆ ಈ ಸಲ ಆಂಟಿಯ ಮುಖ ನೋಡಿಯೇ ಹಾಗೆಂದೆ.