ಕೆಂಪಣ್ಣ ನೀರು ಕೇಳಿದ್ದು

ಮೈಮೇಲೆ ದೇವರು ಬಂದವರನ್ನು ಅಣಕಿಸಿ ಊರು ನಗಿಸುತ್ತಿದ್ದವನು ನಾನು. ಅಂಥದ್ದನ್ನೆಲ್ಲ ನಂಬುವವನಲ್ಲ. ಆದರೂ ಇದನ್ನು ಬರೆಯುತ್ತಿದ್ದೇನೆ. ಬರೆಯುವ ಮೊದಲು ನನ್ನ ದಡ್ಡತನ ಒಪ್ಪಿಕೊಂಡುಬಿಡುತ್ತೇನೆ: ಅವತ್ತು ಸೌಂಡ್ ರೆಕಾರ್ಡರ್ ಆನ್ ಮಾಡಲು ಮರೆತ ಮಹಾನುಭಾವ ನಾನೇ.

ನನ್ನ ಗೆಳೆಯ, ಶ್ರೀರಂಗಪಟ್ಟಣದ ಸಲೀಮಣ್ಣ ಮದುವೆ ವಿಡಿಯೊ ತೆಗೆದೂ ತೆಗೆದೂ ಸಾಕಾಗಿ, ಮೊದಲ ಸಲ ತನ್ನದೇ ಒಂದು ಸಾಕ್ಷ್ಯಚಿತ್ರಕ್ಕೆ ಕೈಹಾಕಿದ್ದ. ಪಾಂಡವಪುರದ ಹತ್ತಿರ ಒಂದು ಆಲೆಮನೆ. ಅಲ್ಲಿ ಬೆಲ್ಲದ ಪಾಕ ಹದ ಮಾಡುವ ಕೆಂಪಣ್ಣ. ಕ್ಯಾಮೆರಾ, ನಿರ್ದೇಶನ ಸಲೀಮಣ್ಣನದು, ಧ್ವನಿ ನನ್ನ ಪಾಲಿಗೆ. ನಾನೋ, ಸಲೀಮಣ್ಣ ನಾಲಗೆ ಕಚ್ಚಿಕೊಂಡು ಕ್ಯಾಮೆರಾ ಹಿಡಿಯುವ ಭಂಗಿಯನ್ನು ಅಣಕಿಸಿ ಕಬ್ಬು ಅರೆಯುವವರನ್ನು ನಗಿಸುತ್ತಿದ್ದೆ. ಕೆಂಪಣ್ಣನವರ ಒಂದು ಮಾತೂ ದಾಖಲಾಗಲಿಲ್ಲ. ಮತ್ತೆ ಹೋಗೋಣ ಅನ್ನುವಷ್ಟರಲ್ಲಿ ಅವರು ತೀರಿಕೊಂಡಿದ್ದರು.

“ಅರೇ, ನಿನ್ ಬಾಯ್ಗೊಂದು ಬೀಗ ಹಾಕ್ಸಿದ್ರೆ ನಾನ್ ಡೈರೆಕ್ಟ್ರು ಆಗ್ಬುಡ್ತಿದ್ದೆ ಕಣ್ಲಾ,” ಅಂದ ಸಲೀಮಣ್ಣ. ಇದ್ದ ಮೂಕ ದೃಶ್ಯಗಳನ್ನೇ ಬಳಸಲು ಕೆಂಪಣ್ಣನವರ ಹೆಂಡತಿ ತಾಯಮ್ಮನ ಒಪ್ಪಿಗೆ ಕೇಳಲು ಹೋದೆವು. ಆಕೆ ಬೇಡವೆಂದರೆ ಸಲೀಮಣ್ಣ ಮತ್ತೆ ಮದುವೆ ವಿಡಿಯೊಗೇ.

ಮಟಮಟ ಮಧ್ಯಾಹ್ನ. ಜಗಲಿಯ ಮೇಲೆ ಲ್ಯಾಪ್‌ಟಾಪ್. ಆಕೆ ಗಂಡನ ಮೂಕ ದೃಶ್ಯ ನೋಡುತ್ತಿದ್ದರು. ದನಿಯಿಲ್ಲದ ಆ ಚಿತ್ರ ತಡೆಯಲಾರದೆ, ಹಾಳು ಚಟ ನೋಡಿ, ಕೆಂಪಣ್ಣನವರ ತುಟಿ ಆಡಿದ ಹಾಗೆ ಅವರದೇ ದನಿಯಲ್ಲಿ ಗೊಣಗತೊಡಗಿದೆ. ಒಂದು ಕಡೆ ನನ್ನ ಬಾಯಿಂದ ಬಂತು: “ಏ ಬೆಳ್ಳಕ್ಕಿ, ಒಸಿ ನೀರ್ ತತ್ತಾ.”

ತಾಯಮ್ಮ ಎದ್ದು ಒಳಗೆ ಹೋದರು. ಚೊಂಬಿನಲ್ಲಿ ನೀರು ತಂದು ಲ್ಯಾಪ್‌ಟಾಪ್ ಮುಂದೆ ಇಟ್ಟ ಮೇಲೇ ಅವರು ನನ್ನ ಕಡೆ ತಿರುಗಿದ್ದು.

“ಬೆಳ್ಳಕ್ಕಿ ಅಂತ ಅವ್ರು ನಂಗಿಟ್ಟಿದ್ ಎಸ್ರು ನಮ್ಮಿಬ್ರುಗೇ ಗೊತ್ತಿದ್ದುದ್ದು. ಮಕ್ಳೆದ್ರುಗೂ ಅಂಗ್ ಕರ್ದೋರಲ್ಲ.”

ಸಲೀಮಣ್ಣ ದೃಶ್ಯವನ್ನು ಹಿಂದಕ್ಕೆ ಓಡಿಸಿದ. ಆ ಜಾಗದಲ್ಲಿ ಕೆಂಪಣ್ಣ ನಮಗೆ ಬೆನ್ನು ಹಾಕಿ ಕೊಪ್ಪರಿಗೆ ಕಡೆ ತಿರುಗಿದ್ದಾರೆ, ತುಟಿಯೇ ಕಾಣುವುದಿಲ್ಲ. ಚಿತ್ರೀಕರಣದ ದಿನ ತಾಯಮ್ಮ ಆಲೆಮನೆ ಕಡೆ ಬಂದೇ ಇರಲಿಲ್ಲ. ಆ ಹೆಸರು ನನ್ನ ಬಾಯಿಗೆ ಎಲ್ಲಿಂದ ಬಂತೋ, ಇವತ್ತಿಗೂ ಗೊತ್ತಿಲ್ಲ. ಆ ಬಿಸಿಲಿಗೆ ನನಗೂ ಬಾಯಾರಿತ್ತು. ಆ ಚೊಂಬು ಮುಟ್ಟಲು ಮಾತ್ರ ಧೈರ್ಯ ಬರಲಿಲ್ಲ.

“ಎಲ್ಲೋ ಕೇಳಿದ್ನೇನೋ ಅವ್ವಾ, ತಪ್ಪಾಯ್ತು. ಸಿನಿಮಾ ನಿಲ್ಲುಸ್ಬುಡ್ತೀವಿ,” ಎಂದು ತೊದಲಿದೆ.

ತಾಯಮ್ಮ ಸೆರಗಿನಿಂದ ಕಣ್ಣೊರೆಸಿಕೊಂಡು ಗದರಿದರು: “ನೀನೆಲ್ಲಿ ಕೇಳ್ದೋ ನಂಗ್ಯಾಕ್ಲಾ? ಅವ್ರು ನೀರ್ ಕೇಳುದ್ರು, ನಾನ್ ಕೊಟ್ಟೆ. ನೀನ್ ಸಿನಿಮಾ ಮುಂದುಕ್ ಓಡ್ಸು, ಊರ್ನೋರೆಲ್ಲ ನೋಡ್ಲಿ.”