ಅಕ್ಕನ ಉಸಿರು ಕೇಳಿಸದ ಫೋನು

ಆಗಷ್ಟೇ ಬೆಳಕು ಹರಿಯುತ್ತಿದೆ. ಲಿಫ್ಟಿನ ಗೊರಗೊರ ಇನ್ನೂ ಶುರುವಾಗಿಲ್ಲ. ಗೋಡೆಗೆಲ್ಲ ಸ್ಪಂಜು ಹೊದಿಸಿದ, ಕಿಟಕಿಯಿಲ್ಲದ ಕೋಣೆಯಲ್ಲಿ ‘ಕಿವಿಯಣ್ಣ’ ಹೆಡ್‌ಫೋನ್ ಏರಿಸಿ ಕಣ್ಣು ಮುಚ್ಚಿ ಕೂತಿದ್ದಾರೆ. ಕಚೇರಿಯವರು ಇಟ್ಟ ಹೆಸರದು. ಸ್ವಂತ ಹೆಸರು ಅವರಿಗೇ ಅಪರೂಪಕ್ಕೆ ನೆನಪಾಗುತ್ತದಂತೆ.

ಫೋನಿನಲ್ಲಿ ಆಡಿದ ಮಾತು ಇದ್ದ ಹಾಗೇ ಆ ಕಡೆಗೆ ಹೋಗುವುದಿಲ್ಲ. ಚೂರುಚೂರಾಗಿ, ಅಂಕಿಗಳಾಗಿ ಹೊರಟು, ಅಲ್ಲಿ ಮತ್ತೆ ದನಿಯಾಗಿ ಕೂಡಿಕೊಳ್ಳುತ್ತದೆ. ಕೂಡಿಕೊಂಡದ್ದು ಮನುಷ್ಯರ ದನಿಯೋ, ಡಬ್ಬಿಯೊಳಗಿನ ಜೀರುಂಡೆಯದೋ ಎಂದು ಹೇಳುವುದು ಇವರ ಕಸುಬು. ದಿನಕ್ಕೆ ಇನ್ನೂರರ ಹತ್ತಿರ ತುಣುಕು, ಒಂದೊಂದಕ್ಕೂ ಐದರೊಳಗೆ ಅಂಕ.

“ದಿನವಿಡೀ ಜನರ ಮಾತೇ ಕೇಳ್ತೀನಿ. ಒಬ್ರೂ ನನ್ ಜೊತೆ ಆಡ್ತಿರಲ್ಲ ನೋಡಿ!” ಎಂದು ನಗುತ್ತಾರೆ.

ಮನೆಯಲ್ಲೂ ಒಂಟಿ. ತನ್ನವಳು ಅಂತ ಇರುವುದು ದೂರದೂರಿನ ಅಕ್ಕ ಒಬ್ಬಳೇ, ಎತ್ತಿ ಆಡಿಸಿದವಳು. ಭಾವ ಹೋದ ಮೇಲೆ ಆಕೆಗೆ ಮಾತೇ ಬೇಡವಾಗಿದೆ. ಆದರೂ ದೀಪ ಹಾಕುವ ಹೊತ್ತಿಗೆ ತಪ್ಪದೆ ಫೋನ್ ಮಾಡುತ್ತಿದ್ದಳು. “ಏನ್ ಮಾಡ್ತಿದೀಯೋ?” “ಸುಮ್ನೆ ಕೂತಿದೀನಿ ಅಕ್ಕಾ.” ಅಷ್ಟೇ. ಆಮೇಲೆ ಇಬ್ಬರೂ ಫೋನ್ ಹಿಡಿದು ಸುಮ್ಮನಿರುವುದು. ಅವಳ ಉಸಿರು, ಅವಳ ಮನೆಯ ಗೋಡೆ ಗಡಿಯಾರದ ಸದ್ದು ಇವರಿಗೆ ಕೇಳಿಸುತ್ತಿತ್ತು. ಇವರ ಹಳೇ ಫ್ಯಾನಿನ ಕಿರ್‌ಕಿರ್ ಅವಳಿಗೆ.

ಅಷ್ಟರಲ್ಲಿ ಬಂತು, ಸದ್ದು ಸೋಸುವ ಹೊಸ ಸಾಫ್ಟ್‌ವೇರು. ಮಾತಲ್ಲದ್ದನ್ನೆಲ್ಲ ಗುಡಿಸಿ ಹಾಕುವಂಥದ್ದು. ಎಷ್ಟು ಚೊಕ್ಕಟ! ಕಿವಿಯಣ್ಣ ಐದಕ್ಕೆ ಐದು ಕೊಟ್ಟರು. ಅದು ಎಲ್ಲರ ಫೋನಿಗೂ ಹೋಯಿತು. ಆ ಸಂಜೆ ಅಕ್ಕನ ಕಡೆಯಿಂದ ಉಸಿರಿಲ್ಲ, ಗಡಿಯಾರವಿಲ್ಲ. ಅವಳಿಗೂ ಈ ಕಡೆಯದು ಏನೂ ಕೇಳಿಸದೆ, ತಮ್ಮ ಫೋನಿಟ್ಟ ಅಂದುಕೊಂಡು ತಾನೂ ಇಟ್ಟಳು. ನಾಲ್ಕಾರು ದಿನ ಹೀಗೇ ಆಯಿತು. ಕೊನೆಗೆ “ನಿಂಗೆ ಪುರುಸೊತ್ತಿಲ್ಲ ಅಂತ ಗೊತ್ತಾಯ್ತು ಬಿಡಪ್ಪ” ಎಂದವಳು ಫೋನ್ ಮಾಡುವುದನ್ನೇ ನಿಲ್ಲಿಸಿದಳು.

“ನನ್ ಕಾಲ್ ಮೇಲೆ ನಾನೇ ಕಲ್ಲು ಎತ್ತಿ ಹಾಕ್ಕೊಂಡೆ. ಕೇಳಿದ ತುಣುಕಲ್ಲೆಲ್ಲ ಜನ ಮಾತಾಡ್ತಾನೇ ಇದ್ರು. ಸುಮ್ನೆ ಕೂತವರು ಒಬ್ರೂ ಇರ್ಲಿಲ್ಲ. ಅಂಥವರೂ ಇರ್ತಾರೆ ಅಂತ ನಂಗಲ್ವಾ ಹೊಳೀಬೇಕಿತ್ತು?”

ಕೊಟ್ಟ ಅಂಕ ವಾಪಸ್ ಬೇಕೆಂದು ಕಚೇರಿಯಲ್ಲಿ ಕೇಳಿಯೇಬಿಟ್ಟರು. ಬೇರೆ ಯಾರಾದರೂ ಆಗಿದ್ದರೆ ನಗುತ್ತಿದ್ದರು. ಅವರ ವಿಭಾಗದ ಇಂಜಿನಿಯರಮ್ಮ ನಗಲಿಲ್ಲ. ವಾಚ್‌ಮನ್‌ನಿಂದ ಹಿಡಿದು ಸಿಕ್ಕಸಿಕ್ಕವರಿಗೆಲ್ಲ ಫೋನ್ ಕೊಟ್ಟು ಸುಮ್ಮನೆ ಕೂರಿಸಿ, ಆ ಮೌನವನ್ನೂ ಪರೀಕ್ಷೆಗೆ ಸೇರಿಸಿದರು. ಸಾಫ್ಟ್‌ವೇರು ತಿದ್ದಿ, ಉಸಿರಿಗೆ, ಮನೆಯೊಳಗಿನ ಸಣ್ಣಪುಟ್ಟ ಸದ್ದಿಗೆ ಜಾಗ ಬಿಟ್ಟರು. ಅದು ಫೋನುಗಳಿಗೆ ತಲುಪಿದ್ದು ಮೊನ್ನೆ. ಆದರೆ ಮುನಿದ ಅಕ್ಕನಿಗೆ ಇದನ್ನೆಲ್ಲ ಹೇಳುವವರು ಯಾರು? “ಸಬೂಬು ಹೇಳ್ಬೇಡ ಅಂತಾಳೆ” ಎನ್ನುತ್ತಾರೆ ಕಿವಿಯಣ್ಣ.

ಸಂಜೆ, ಮನೆಯಲ್ಲಿ, ತಾವೇ ನಂಬರ್ ಒತ್ತಿ ಫೋನನ್ನು ಮೇಜಿನ ಮೇಲಿಡುತ್ತಾರೆ. ಸ್ಪೀಕರ್ ಹಾಕಿದೆ.

“ಏನ್ ಮಾಡ್ತಿದೀಯಾ ಅಕ್ಕಾ?”

“ಏನಿಲ್ಲ.”

ಆಮೇಲೆ ಮಾತಿಲ್ಲ. ಕಿವಿಯಣ್ಣ ಕಣ್ಣು ಮುಚ್ಚಿದ್ದಾರೆ. ಗಡಿಯಾರ ಕೇಳಿಸುತ್ತಿದೆ. ಈಗ ಇಟ್ಟಾಳು, ಇನ್ನೇನು ಇಟ್ಟಾಳು ಎಂದು ಕಿವಿಯನ್ನು ಫೋನಿನ ಹತ್ತಿರ ತರುತ್ತಾರೆ. ಬಹಳ ಹೊತ್ತಿನ ಮೇಲೆ ಆ ಕಡೆಯಿಂದ ಗದರಿಕೆ ಬರುತ್ತದೆ:

“ಆ ಹಾಳು ಫ್ಯಾನಿಗೆ ಒಂದು ತೊಟ್ಟು ಎಣ್ಣೆ ಬಿಡೋಕಾಗಲ್ವೇನೋ ನಿಂಗೆ?”

ಕಿವಿಯಣ್ಣ ಕಣ್ಣೊರೆಸಿಕೊಳ್ಳುತ್ತಾರೆ. “ಇರ್ಲಿ ಬಿಡಕ್ಕಾ. ಅದು ಹಂಗೇ ಇರ್ಲಿ.”